ಪ್ರಾಚೀನ ಶಾಸ್ತ್ರಗಳಲ್ಲಿ ವೈದ್ಯನ ಹೊಣೆ

ವಿದ್ಯೆಯಿಂದ ಜೀವಿಸುವವನಿಗೆ ಎರಡು ಬಗೆಯ ಕಟ್ಟುಗಳುಂಟು. ರಾಜಶಾಸನದಿಂದ ಬಂದುದು ಒಂದು. ಗುರುಮುಖದಿಂದ ವಿದ್ಯೆಯೊಡನೆ ಬಂದುದು ಇನ್ನೊಂದು. ಪ್ರಾಚೀನ ಭಾರತದಲ್ಲಿ ವೈದ್ಯನ ತಪ್ಪನ್ನು ವಿಚಾರಿಸುವವರಿರಲಿಲ್ಲ, ರೋಗಿಯ ಮರಣವನ್ನು ಅವನ ಕರ್ಮಫಲವೆಂದೇ ಎಣಿಸುತ್ತಿದ್ದರು ಎಂಬ ಮಾತು ಆಗಾಗ್ಗೆ ಕೇಳಿಬರುತ್ತದೆ. ಗ್ರಂಥಗಳನ್ನು ಪರಿಶೀಲಿಸಿದರೆ ಈ ಮಾತು ನಿಲ್ಲಲಾರದು.

ಮೈಸೂರಿನ ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಮುದ್ರಿಸಿ ಬೆಳಕಿಗೆ ತಂದ ಕೌಟಿಲೀಯ ಅರ್ಥಶಾಸ್ತ್ರದ ನಾಲ್ಕನೆಯ ಅಧಿಕರಣದಲ್ಲಿ ವೈದ್ಯನ ಅಪರಾಧಗಳು ಉಕ್ತವಾಗಿವೆ. ಅವು ಬಂದಿರುವ ಪ್ರಕರಣವು ಕಾರುಕರಕ್ಷಣ, ಎಂದರೆ ಕುಶಲಕರ್ಮಿಗಳ ವಂಚನೆಯಿಂದ ಪ್ರಜೆಗಳನ್ನು ಕಾಪಾಡುವ ವಿಧಿ. ನೆಯ್ಗೆಯವನು, ಅಗಸ, ಅಕ್ಕಸಾಲಿ ಇವರ ಸಾಲಿನಲ್ಲಿಯೇ ವೈದ್ಯನೂ ನಿಂತಿದ್ದಾನೆ. ಪ್ರಾಣಾಪಾಯದ ರೋಗವನ್ನು ತಿಳಿಸದೆಯೇ ಚಿಕಿತ್ಸೆಗೆ ತೊಡಗಿ ರೋಗಿಯು ಮೃತನಾದರೆ ಪ್ರಥಮಸಾಹಸದಂಡ. ಚಿಕಿತ್ಸಾಕರ್ಮದ ದೋಷದಿಂದಲೇ ಮೃತನಾದರೆ ಮಧ್ಯಮಸಾಹಸದಂಡ. ಮರ್ಮಕ್ಕೆ ಘಾತವಾಗಿ ಅಂಗವೈಗುಣ್ಯವುಂಟಾದರೆ ಅದು ದಂಡಪಾರುಷ್ಯವೆಂಬ ಅಪರಾಧವೇ ಆಗುವುದು. ಇಲ್ಲಿ ವೈದ್ಯನು ಪಂಡಿತನೋ ಪಾಮರನೋ ಎಂಬ ಪ್ರಶ್ನೆಯೇ ಏಳುವುದಿಲ್ಲ; ಮಾಡಿದ ಕೆಲಸವೊಂದೇ ವಿಚಾರಣೆಗೆ ಬರುವುದು.

ಯಾಜ್ಞವಲ್ಕ್ಯಸ್ಮೃತಿಯ ದೃಷ್ಟಿ ಬೇರೆ. ಮಿಥ್ಯಾಚಾರಿಯಾದ ವೈದ್ಯನಿಗೆ ಪಶುಗಳ ವಿಷಯದಲ್ಲಿ ಪ್ರಥಮ, ಮನುಷ್ಯರ ವಿಷಯದಲ್ಲಿ ಮಧ್ಯಮ, ರಾಜಪುರುಷರ ವಿಷಯದಲ್ಲಿ ಉತ್ತಮ ಸಾಹಸದಂಡವನ್ನು ಅದು ವಿಧಿಸುತ್ತದೆ. ಆ ಸ್ಮೃತಿಯ ಎಣಿಕೆಯಂತೆ ಇವು ಕ್ರಮವಾಗಿ 270, 540, 1080 ಪಣಗಳು. ಆರನೆಯ ವಿಕ್ರಮಾದಿತ್ಯನ (1076–1126) ಕಲ್ಯಾಣದಲ್ಲಿ ಮಿತಾಕ್ಷರೆಯನ್ನು ರಚಿಸಿದ ವಿಜ್ಞಾನೇಶ್ವರನು ಇಲ್ಲಿನ ಮಿಥ್ಯಾಶಬ್ದವನ್ನು ಬಿಡಿಸಿ, ಆಯುರ್ವೇದವನ್ನರಿಯದೆಯೂ ಜೀವನೋಪಾಯಕ್ಕಾಗಿ ತಾನು ಚಿಕಿತ್ಸೆಯನ್ನು ಬಲ್ಲೆನೆಂದು ಹೇಳಿಕೊಂಡು ನಡೆಯುವವನನ್ನು ಗುರುತಿಸುತ್ತಾನೆ. ಆದುದರಿಂದ ಅಪರಾಧದ ಬೇರು ಫಲದಲ್ಲಿಲ್ಲ, ಸುಳ್ಳು ಹೇಳಿಕೆಯಲ್ಲಿದೆ. ಪ್ರಾಯಶ್ಚಿತ್ತಾಧ್ಯಾಯವು ಇದಕ್ಕೆ ಪೂರಕ: ಉಪಕಾರಬುದ್ಧಿಯಿಂದ ಔಷಧ, ಅಗ್ನಿಕರ್ಮಾದಿಗಳನ್ನು ನಡೆಸುತ್ತಿರುವಾಗ ಬ್ರಾಹ್ಮಣನಾಗಲಿ ಗೋವಾಗಲಿ ಮೃತವಾದರೂ ಪಾತಕವಿಲ್ಲವೆಂದು ಅಲ್ಲಿ ಹೇಳಿದೆ. ಪಶುಚಿಕಿತ್ಸೆಯೂ ದಂಡವಿಧಿಗೆ ಒಳಪಟ್ಟುದು ಕನ್ನಡಿಗರಿಗೆ ಅರ್ಥವತ್ತಾದುದು. ಅದೇ ಚಾಲುಕ್ಯವಂಶದ ಕೀರ್ತಿವರ್ಮನೇ ಗೋವೈದ್ಯವನ್ನು ಕನ್ನಡದಲ್ಲಿ ಬರೆದವನು.

ಈ ವಿಧಿಯಲ್ಲಿ ಕೊರತೆಯಿಲ್ಲದಿಲ್ಲ. ಪಶುವಿನ ಬೆಲೆ, ಮನುಷ್ಯನ ವರ್ಣ, ರಾಜಸಾಮೀಪ್ಯ ಇವುಗಳ ತಾರತಮ್ಯದಿಂದ ದಂಡದ ಹೆಚ್ಚುಕಡಮೆಯನ್ನು ಕಲ್ಪಿಸಬೇಕೆಂದು ವ್ಯಾಖ್ಯಾನಕಾರನು ಹೇಳುವನು. ನೋವು ಒಂದೇ ಆದರೂ ದಂಡವು ಒಂದೇ ಆಗಿರಲಿಲ್ಲ.

ಚರಕಸಂಹಿತೆಯ ವಿಮಾನಸ್ಥಾನದಲ್ಲಿ ಆಚಾರ್ಯನು ಅಗ್ನಿಸಾಕ್ಷಿಯಾಗಿ ಶಿಷ್ಯನಿಗೆ ಮಾಡುವ ಅನುಶಾಸನವು ಇಂತಹ ತಾರತಮ್ಯದ ದಂಡದಿಂದ ನಡೆಯತಕ್ಕುದಲ್ಲ. ತನ್ನ ಜೀವನಕ್ಕಾಗಿಯೂ ರೋಗಿಗೆ ದ್ರೋಹವನ್ನೆಣಿಸಬಾರದು. ಪತಿ ಅಥವಾ ಪೋಷಕನ ಅನುಮತಿಯಿಲ್ಲದೆ ಸ್ತ್ರೀಯರಿಂದ ಏನನ್ನೂ ಸ್ವೀಕರಿಸಬಾರದು. ರೋಗಿಯ ಮನೆಯ ಸಂಗತಿಗಳನ್ನು ಹೊರಗೆಡಹಬಾರದು. ಇಲ್ಲಿಯೇ ಎರಡು ಶಾಸ್ತ್ರಗಳಿಗೆ ಘರ್ಷಣೆ. ಅರ್ಥಶಾಸ್ತ್ರದ ನಾಗರಿಕಪ್ರಣಿಧಿಯಲ್ಲಿ, ಗುಟ್ಟಾಗಿ ಗಾಯಕ್ಕೆ ಚಿಕಿತ್ಸೆ ಮಾಡಿಸಿಕೊಳ್ಳುವವನನ್ನು ಗೋಪ ಅಥವಾ ಸ್ಥಾನಿಕನಿಗೆ ತಿಳಿಸಿದ ವೈದ್ಯನು ಮಾತ್ರ ದೋಷಮುಕ್ತನು, ತಿಳಿಸದವನು ಸಮಾನಾಪರಾಧಿ. ಗುರುವು ಮುಚ್ಚೆಂದುದನ್ನು ರಾಜನು ತೆರೆಯೆನ್ನುವನು. ಚರಕನ ಮಾತು ಮನೆಯ ಮರ್ಯಾದೆಯನ್ನು ಕುರಿತುದು, ಕೌಟಿಲ್ಯನದು ಅಡಗಿಸಿದ ಅಪರಾಧವನ್ನು ಕುರಿತುದು ಎಂದು ವಿಷಯಭೇದದಿಂದ ಸಮನ್ವಯ ಮಾಡಬಹುದು. ಆದರೆ ಯಾವುದು ಯಾವುದೆಂದು ರೋಗಿಯ ಹಾಸಿಗೆಯ ಬಳಿ ನಿರ್ಣಯಿಸಬೇಕಾದವನು ವೈದ್ಯನೊಬ್ಬನೇ.

ಸುಶ್ರುತಸಂಹಿತೆಯು ಮತ್ತೊಂದು ಹೆಜ್ಜೆ ಮುಂದಿಡುತ್ತದೆ. ಶಾಸ್ತ್ರವನ್ನೋದಿ, ಕರ್ಮವನ್ನು ಕಂಡು, ಕೈಯಾರೆ ಮಾಡಿ ಕಲಿತವನು ರಾಜಾನುಜ್ಞೆಯನ್ನು ಪಡೆದ ಮೇಲೆಯೇ ವೃತ್ತಿಗೆ ಇಳಿಯತಕ್ಕುದೆಂದು ಅದರ ವಿಧಿ. ಲೋಭದಿಂದ ಜನರನ್ನು ಕೊಲ್ಲುವ ಕುವೈದ್ಯನು ಬಾಳುವುದು ರಾಜನ ದೋಷದಿಂದಲೇ ಎಂದು ಸೂತ್ರಸ್ಥಾನವು ಸ್ಪಷ್ಟವಾಗಿ ನುಡಿಯುತ್ತದೆ.

ಹೀಗೆ ಹೊಣೆಯು ಮೂವರ ಮೇಲೆ ಹಂಚಿಹೋಗಿದೆ: ಅರಿಯದುದನ್ನು ಅರಿತೆನೆನ್ನದಿರುವುದು ವೈದ್ಯನ ಹೊಣೆ, ಅಯೋಗ್ಯನಿಗೆ ವಿದ್ಯೆಯನ್ನು ಕೊಡದಿರುವುದು ಗುರುವಿನದು, ಅನುಜ್ಞೆಯನ್ನು ಪರೀಕ್ಷಿಸಿ ಕೊಡುವುದು ರಾಜನದು. ದಂಡವು ತಪ್ಪು ನಡೆದ ಮೇಲೆ ಬರುವುದು, ಅನುಶಾಸನವು ಅದಕ್ಕೆ ಮೊದಲೇ ನಿಲ್ಲುವುದು. ಒಂದನ್ನು ಬಿಟ್ಟು ಇನ್ನೊಂದು ರೋಗಿಯನ್ನು ಕಾಯಲಾರದೆಂಬುದನ್ನು ಪ್ರಾಚೀನರು ಅರಿತಿದ್ದರು.