ಸಂತನ ವೇಷ ಕಳಚದ ನಟ

ಸಂತ ತುಕಾರಾಮರು ಬಾಳಿದ್ದು 17ನೇ ಶತಮಾನದಲ್ಲಿ. ಅವರ ಛಾಯಾಚಿತ್ರ ಇರುವುದು ಸಾಧ್ಯವೇ ಇಲ್ಲ. ಆದರೂ ಎಷ್ಟೋ ಮನೆಗಳಲ್ಲಿ ತುಕಾರಾಮರೆಂದು ಪೂಜೆಗೊಂಡ ಪಟದಲ್ಲಿದ್ದದ್ದು ಒಬ್ಬ ಚಿತ್ರನಟನ ಮುಖ. ಆ ನಟನೇ ವಿಷ್ಣುಪಂತ ಪಾಗನೀಸ. ಹುಟ್ಟಿದ್ದು 1892ರಲ್ಲಿ, ಬೆಳಗಾವಿ ಜಿಲ್ಲೆಯ ಚಿಕ್ಕೋಡಿಯಲ್ಲಿ.

ಚಿಕ್ಕೋಡಿ, ನಿಪ್ಪಾಣಿಯಿಂದ ಅಥಣಿ, ತೆಲಸಂಗದವರೆಗಿನ ಗಡಿಸೀಮೆಯ ಜನಕ್ಕೆ ಕನ್ನಡದ ವಚನವೂ ಗೊತ್ತು, ಮರಾಠಿಯ ಅಭಂಗವೂ ಗೊತ್ತು. ಪಂಢರಪುರದ ವಿಠ್ಠಲ ಇಬ್ಬರಿಗೂ ಸಲ್ಲುವ ದೇವರು. ಆದರೆ ಪಾಗನೀಸರು ರಂಗಭೂಮಿಯಲ್ಲಿ ಹೆಸರಾದದ್ದು ಸಂತರ ಪಾತ್ರಗಳಿಂದಲ್ಲ, ಸ್ತ್ರೀಪಾತ್ರಗಳಿಂದ. ಹೆಂಗಸರು ರಂಗವೇರುವುದು ಅಪರೂಪವಾಗಿದ್ದ ಆ ಕಾಲದಲ್ಲಿ 'ಸ್ವದೇಶ ಹಿತಚಿಂತಕ' ನಾಟಕ ಮಂಡಳಿಯಲ್ಲಿ ಅವರು ಹೆಣ್ಣಿನ ವೇಷ ಕಟ್ಟುತ್ತಿದ್ದರು. ಹಾಡುಗಾರಿಕೆಯೂ ಒಲಿದಿತ್ತು.

1929ರಲ್ಲಿ ಕೊಲ್ಹಾಪುರದಲ್ಲಿ ಹುಟ್ಟಿ, ಬಳಿಕ ಪುಣೆಗೆ ಹೋದ ಪ್ರಭಾತ್ ಕಂಪನಿ 'ಸಂತ ತುಕಾರಾಮ' ಚಿತ್ರಕ್ಕೆ ಕೈಹಾಕಿತು. ನಿರ್ದೇಶಕರು ದಾಮ್ಲೆ ಮತ್ತು ಫತ್ತೇಲಾಲ್. ಪಾಗನೀಸರ ಹಾವಭಾವದಲ್ಲಿ ಹೆಣ್ತನ ಹೆಚ್ಚೆಂದು ಅವರ ಆಯ್ಕೆಗೆ ಮೊದಲು ಆಕ್ಷೇಪವೆದ್ದಿತ್ತು. ಕೊರತೆ ಎನಿಸಿದ್ದ ಆ ಮಾರ್ದವವೇ ಕೊನೆಗೆ ಪಾತ್ರದ ಜೀವಾಳವಾಯಿತು. ಗೌರಿ ಎಂಬ ನಟಿ ಅಭಿನಯಿಸಿದ ಹೆಂಡತಿ ಜಿಜಾಯಿ ಬಡತನಕ್ಕೆ ರೋಸಿ ಗುಡುಗುತ್ತಾಳೆ. ತುಕಾರಾಮ ಮೆಲುದನಿಯಲ್ಲಿ, ನಸುನಗೆಯಲ್ಲಿ ಉತ್ತರಿಸುತ್ತಾನೆ. ಅಬ್ಬರದ ರಂಗಶೈಲಿಗೆ ಒಗ್ಗಿದ್ದ ಪ್ರೇಕ್ಷಕರಿಗೆ ಇದು ಹೊಸತು. 1936ರಲ್ಲಿ ತೆರೆಕಂಡ ಚಿತ್ರ ಮುಂಬಯಿಯ ಒಂದೇ ಚಿತ್ರಮಂದಿರದಲ್ಲಿ ವರ್ಷಕ್ಕೂ ಹೆಚ್ಚು ಕಾಲ ಓಡಿತು. 1937ರಲ್ಲಿ ವೆನಿಸ್ ಚಿತ್ರೋತ್ಸವದ ಮನ್ನಣೆಯೂ ದೊರೆಯಿತು.

ಈ ಯಶಸ್ಸಿಗೆ ತೆತ್ತ ಬೆಲೆಯೂ ಇತ್ತು. ಪಾಗನೀಸರೆಂದರೆ ಸಂತ ಎಂಬ ಅಚ್ಚು ಬಿದ್ದುಹೋಯಿತು. 1939ರಲ್ಲಿ ರಂಜಿತ್ ಸಂಸ್ಥೆಯ 'ಸಂತ ತುಲಸೀದಾಸ', 1940ರಲ್ಲಿ ವಿಜಯ್ ಭಟ್ಟರ 'ನರಸಿ ಭಗತ್'. ಭಾಷೆ ಬದಲಾಯಿತು, ಸಂತನ ಹೆಸರು ಬದಲಾಯಿತು, ವೇಷ ಮಾತ್ರ ಬದಲಾಗಲಿಲ್ಲ. 1943ರಲ್ಲಿ ಅವರು ತೀರಿಕೊಂಡರು.

ಇದೇ ತುಕಾರಾಮನ ಪಾತ್ರವನ್ನು 1963ರಲ್ಲಿ ಕನ್ನಡದಲ್ಲಿ ರಾಜಕುಮಾರ್ ಮಾಡಿದರು. ಐದು ವರ್ಷಗಳ ನಂತರ 'ಜೇಡರ ಬಲೆ'ಯಲ್ಲಿ ಪಿಸ್ತೂಲು ಹಿಡಿದು ಪತ್ತೇದಾರನೂ ಆದರು. ಜನ ಎರಡನ್ನೂ ಒಪ್ಪಿಕೊಂಡರು. ಅಂಥ ಅವಕಾಶ ಪಾಗನೀಸರಿಗೆ ಒದಗಿಬರಲಿಲ್ಲ.

ಪಾತ್ರದಲ್ಲಿ ನಟ ಹೀಗೆ ಕರಗಿಹೋಗುವುದು ದೊಡ್ಡ ಸಾಧನೆ ಎನ್ನಬಹುದು. ಆದರೆ ಪಟಕ್ಕೆ ಊದಿನಕಡ್ಡಿ ಬೆಳಗಿದವರಲ್ಲಿ ಎಷ್ಟು ಮಂದಿಗೆ ಆ ಮುಖ ಚಿಕ್ಕೋಡಿಯ ಒಬ್ಬ ನಟನದೆಂದು ಗೊತ್ತಿತ್ತು? ಸಂತನಿಗೆ ಮುಖ ಕೊಟ್ಟ ಪಾಗನೀಸರ ಹೆಸರು ಅವರ ಹುಟ್ಟೂರಿನ ಸೀಮೆಯಲ್ಲಾದರೂ ನೆನಪಿನಲ್ಲಿ ಉಳಿಯಬೇಕು.