ವರ್ಲಿ ಗುಡ್ಡದ ಪುಟಾಣಿ ಕಪ್ಪೆ

ಊರು ಬಿಟ್ಟು ಹೊರಗೆ ಹೋಗದವರನ್ನು ‘ಕೂಪಮಂಡೂಕ’ ಎಂದು ಹಂಗಿಸುವುದು ನಮ್ಮಲ್ಲಿ ವಾಡಿಕೆ. ಮನೆ, ಅಡಿಗೆ, ಮಕ್ಕಳು ಎಂದುಕೊಂಡಿರುವ ಹೆಂಗಸರಿಗಂತೂ ಈ ಮಾತು ಬೇಗ ತಗಲುತ್ತದೆ. ಕಪ್ಪೆಯ ಚರಿತ್ರೆ ತಿಳಿದರೆ ಹಾಗೆ ಹಂಗಿಸಲು ನಾಲಿಗೆ ತಡವರಿಸೀತು.

ಮುಂಬಯಿಯ ವರ್ಲಿ ಎಂದರೆ ಇಂದು ಮುಗಿಲೆತ್ತರದ ಕಟ್ಟಡಗಳು. ಹತ್ತೊಂಬತ್ತನೆಯ ಶತಮಾನದಲ್ಲಿ ಅಲ್ಲಿನ ಗುಡ್ಡದ ಪದರಗಲ್ಲುಗಳ ನಡುವೆ ಪುಟ್ಟ ಕಪ್ಪೆಗಳ ಅಸ್ಥಿಪಂಜರಗಳು ಸಿಕ್ಕವು. 1847ರಲ್ಲಿ ಲಂಡನ್ನಿನ ರಿಚರ್ಡ್ ಓವೆನ್ ಅವನ್ನು ವರ್ಣಿಸಿ ‘ರಾನಾ ಪುಸಿಲ್ಲಾ’ ಎಂದು ಹೆಸರಿಟ್ಟರು. ಪುಸಿಲ್ಲಾ ಎಂದರೆ ಪುಟಾಣಿ. ದೈತ್ಯ ಪ್ರಾಣಿಗಳಿಗೆ ‘ಡೈನೋಸಾರ್’ ಎಂಬ ಹೆಸರು ಕೊಟ್ಟವರೂ ಇವರೇ! 83 ವರ್ಷಗಳ ನಂತರ, 1930ರಲ್ಲಿ, ಅಮೆರಿಕದ ಜಿ. ಕೆ. ನೋಬಲ್ ಆ ಎಲುಬುಗಳನ್ನು ಮತ್ತೆ ಪರೀಕ್ಷಿಸಿದರು. ಇದು ರಾನಾ ಕುಲದ್ದಲ್ಲ, ಆಸ್ಟ್ರೇಲಿಯದ ಕೆಲವು ಕಪ್ಪೆಗಳಿಗೆ ಹತ್ತಿರದ್ದು ಎಂದು ಕಂಡು ‘ಇಂಡೋಬ್ಯಾಟ್ರಾಕಸ್’, ಅಂದರೆ ಭಾರತದ ಕಪ್ಪೆ, ಎಂದು ಕರೆದರು.

ಎಲ್ಲಿಯ ವರ್ಲಿ, ಎಲ್ಲಿಯ ಆಸ್ಟ್ರೇಲಿಯ! ಭಾರತ, ಆಫ್ರಿಕ, ಆಸ್ಟ್ರೇಲಿಯಗಳೆಲ್ಲ ಒಂದು ಕಾಲಕ್ಕೆ ಗೊಂಡವಾನ ಎಂಬ ಒಂದೇ ನೆಲವಾಗಿದ್ದವು. ಕೂಡುಕುಟುಂಬ ಒಡೆದಂತೆ ಅದು ಒಡೆದು, ಭಾರತ ಉತ್ತರಕ್ಕೆ ಸರಿಯಿತು. ಸುಮಾರು 6.6 ಕೋಟಿ ವರ್ಷಗಳ ಹಿಂದೆ ದಖನ್ನಿನಲ್ಲಿ ಲಾವಾರಸ ಉಕ್ಕಿ, ದೋಸೆಯ ಮೇಲೆ ದೋಸೆ ಹಾಕಿದಂತೆ ಪದರಪದರವಾಗಿ ಹರಡಿತು. ಒಂದು ಪದರ ಆರಿ ಇನ್ನೊಂದು ಬರುವ ನಡುವಿನ ಬಿಡುವಿನಲ್ಲಿ ಕೆರೆಕುಂಟೆಗಳಾದವು, ಅವುಗಳಲ್ಲಿ ಕಪ್ಪೆಗಳು ಸಂಸಾರ ಹೂಡಿದವು. ಸತ್ತವು ಕೆಸರಿನಲ್ಲಿ ಹೂತವು. ಮುಂದಿನ ಲಾವಾ ಆ ಕೆಸರಿನ ಮೇಲೆ ಮುಚ್ಚಳವಾಯಿತು.

ಇದಕ್ಕೆ ಜೀವಂತ ಸಾಕ್ಷಿಯೂ ಉಂಟು. 2003ರಲ್ಲಿ ಕೇರಳದ ಇಡುಕ್ಕಿಯ ನೇರಳೆ ಬಣ್ಣದ ಕಪ್ಪೆಯನ್ನು ಬಿಜು ಮತ್ತು ಬೊಸೂಯ್ಟ್ ಎಂಬ ವಿಜ್ಞಾನಿಗಳು ಲೋಕಕ್ಕೆ ಪರಿಚಯಿಸಿದರು. ಅದರ ಹತ್ತಿರದ ಬಂಧುಗಳಿರುವುದು ಸಮುದ್ರದಾಚೆಯ ಸೇಶೆಲ್ಸ್ ದ್ವೀಪಗಳಲ್ಲಿ.

ನಮ್ಮ ಪರಶುರಾಂಪುರದ ಕಡೆಯ ಬಂಡೆಗಳಲ್ಲಿ ಇಂಥ ಎಲುಬು ಹುಡುಕಿದರೆ ಸಿಗದು. ಅವು ಎಲುಬುಳ್ಳ ಜೀವಿಗಳೇ ಹುಟ್ಟುವುದಕ್ಕಿಂತ ಬಹಳ ಹಳೆಯವು. ಆದರೆ ಕಪ್ಪೆಯ ಬೆಲೆ ಬಯಲುಸೀಮೆಯವರಾದ ನಮಗೆ ಗೊತ್ತು. ಮಳೆ ಹೋದಾಗ ಕಪ್ಪೆಗಳಿಗೆ ಅರಿಶಿನ ಹಚ್ಚಿ ಮದುವೆ ಮಾಡುವ ಜನ ನಾವು. ಮೊದಲ ಮಳೆ ಬಿದ್ದ ರಾತ್ರಿ ಅವುಗಳ ವಟವಟ ಕೇಳಿದರೇನೇ ರೈತನಿಗೆ ಬಿತ್ತನೆಯ ಧೈರ್ಯ.

ಆ ಸದ್ದು ಈಗ ಕಡಿಮೆಯಾಗುತ್ತಿದೆ. ಕಪ್ಪೆಯಂಥ ಉಭಯವಾಸಿಗಳಲ್ಲಿ ನೂರಕ್ಕೆ ಸುಮಾರು 41 ಬಗೆಗಳು ಅಳಿವಿನ ಅಂಚಿನತ್ತ ಸಾಗಿವೆಯೆಂದು 2023ರ ಜಾಗತಿಕ ಸಮೀಕ್ಷೆ ಹೇಳಿತು. ಲಾವಾ ಹರಿದ ಕಾಲವನ್ನೂ ದಾಟಿ ಬಂದ ಕುಲ ಅದು. ನಾವು ಮುಚ್ಚಿದ ಕುಂಟೆಗಳನ್ನು, ಹೊಲಕ್ಕೆ ಸುರಿದ ವಿಷವನ್ನು ದಾಟಲಾರದೆ ಸೋಲುತ್ತಿದೆ. ಕೆರೆಯ ಹೂಳೆತ್ತಿಸುವ ಮಾತು ಊರಿನಲ್ಲಿ ಬಂದಾಗ ಹೆಂಗಸರಾದ ನಾವೂ ನಾಲ್ಕು ಮಾತು ಗಟ್ಟಿಯಾಗಿ ಆಡೋಣ. ನೀರು ಹೊರುವವರು ನಾವು ತಾನೇ?