ಗಾಂಧಾರಿ ಹುಬ್ಬಳ್ಳಿಯ ಪ್ಲೇಟು

ದನಿಯನ್ನು ಕೆತ್ತುವ ಕಸುಬಿನವರಿದ್ದರು ಎಂದರೆ ನಗಬೇಡಿ, ನಿಜಕ್ಕೂ ಇದ್ದರು. ನಮ್ಮ ಹಿರಿಯರು ಕೇಳುತ್ತಿದ್ದ ಗ್ರಾಮಾಫೋನ್ ಪ್ಲೇಟು ಮಾಡಿದವರೇ ಅವರು. ನಾನು ಡೊಂಬಿವಲಿ ಎಂಐಡಿಸಿಯ ಕಾರ್ಖಾನೆಯೊಂದರಲ್ಲಿ ಇಪ್ಪತ್ತೆಂಟು ವರ್ಷ ತಾಮ್ರದ ಲೇಪದ ತೊಟ್ಟಿ ಮುಂದೆ ನಿಂತವನು. ಮೈಲುತುತ್ತದ ನೀಲಿ ನೀರು ಕನಸಿನಲ್ಲೂ ಬರುತ್ತಿತ್ತು. ಆದರೂ ಆ ಪ್ಲೇಟುಗಳಿಗೂ ನನ್ನ ತೊಟ್ಟಿಗೂ ನೆಂಟಸ್ತನವಿದೆ ಎಂದು ತಿಳಿದದ್ದು ನಿವೃತ್ತನಾದ ಮೇಲೆ. ಅಷ್ಟರಲ್ಲಿ ಒಂದು ಪ್ಲೇಟು ಕೈಬಿಟ್ಟು ಹೋಗಿತ್ತು. ಅದನ್ನು ಆಮೇಲೆ ಹೇಳುತ್ತೇನೆ.

1902ರಲ್ಲಿ ಗ್ರಾಮಾಫೋನ್ ಕಂಪನಿಯ ಫ್ರೆಡ್ ಗೈಸ್‌ಬರ್ಗ್ ಕಲ್ಕತ್ತೆಗೆ ಬಂದು ಗೌಹರ್ ಜಾನ್ ಅವರ ಹಾಡುಗಳನ್ನು ಮೇಣದ ಬಿಲ್ಲೆಗಿಳಿಸಿದ. ಆಗ ಇಲ್ಲಿ ಕಾರ್ಖಾನೆ ಎಲ್ಲಿತ್ತು? ಬಿಲ್ಲೆಗಳು ಹಡಗು ಹತ್ತಿ ಜರ್ಮನಿಯ ಹ್ಯಾನೋವರ್‌ಗೆ ಹೋಗಿ, ಪ್ಲೇಟಾಗಿ ವಾಪಸ್ ಬರಬೇಕು. ಯಾರ ಹಾಡೆಂದು ಅಲ್ಲಿಯವರಿಗೆ ಗೊತ್ತಾಗಲಿ ಎಂದು ಹಾಡಿನ ಕೊನೆಗೆ ತಮ್ಮ ಹೆಸರನ್ನು ತಾವೇ ಹೇಳುತ್ತಿದ್ದರಂತೆ. 1908ರಲ್ಲಿ ಕಲ್ಕತ್ತೆಯ ಸಿಯಾಲ್ದಾದಲ್ಲಿ ಕಾರ್ಖಾನೆ ಬಂತು, ಮುಂದೆ ಅದು ಡಮ್‌ಡಮ್‌ಗೆ ಹೋಯಿತು. (ಇದೇ ಗೌಹರ್ ಜಾನ್ ಕೊನೆಗೆ ಮೈಸೂರು ಅರಮನೆ ಸೇರಿ, 1930ರಲ್ಲಿ ಮೈಸೂರಿನಲ್ಲೇ ತೀರಿಕೊಂಡರು. ನಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತೋ!)

ಕೆಲಸ ಹೇಗೆ ನಡೆಯುತ್ತಿತ್ತು ನೋಡಿ. ಹಾಡುವವರ ದನಿಗೆ ಸೂಜಿ ನಡುಗಿ, ತಿರುಗುವ ಮೇಣದಲ್ಲಿ ಅಂಕುಡೊಂಕಾದ ಗೆರೆ ಕೊರೆಯುತ್ತದೆ. ತಪ್ಪಿದರೆ ಅಳಿಸಿ ತಿದ್ದುವ ಹಾಗಿಲ್ಲ, ಇನ್ನೊಂದು ಮೇಣ ಇಟ್ಟು ಮತ್ತೆ ಮೊದಲಿನಿಂದ. ಮೇಣದಲ್ಲಿ ಕರೆಂಟು ಹರಿಯುವುದಿಲ್ಲವಲ್ಲ, ಅದಕ್ಕೆ ಮೃದುವಾದ ಬ್ರಷ್ಷಿನಿಂದ ಗ್ರಾಫೈಟ್ ಪುಡಿ ಸವರಿ ಲೇಪದ ತೊಟ್ಟಿಗೆ ಇಳಿಸುತ್ತಿದ್ದರು. ತಾಮ್ರ ನಿಧಾನವಾಗಿ ಕೂರುತ್ತದೆ. ಅವಸರ ಮಾಡಿ ಕರೆಂಟು ಏರಿಸಿದಿರೋ, ತಾಮ್ರ ಒರಟಾಗಿ ಸುಟ್ಟಂತೆ ಕೂರುತ್ತದೆ. ನಮ್ಮಲ್ಲಾದರೆ ಮಾಲು ವಾಪಸ್ ಬರುತ್ತಿತ್ತು, ಅಷ್ಟೆ. ಅವರಲ್ಲಿ ಆ ಒರಟು ಹಾಡಿನೊಳಗೇ ಗರಗರ ಎನ್ನುತ್ತಿತ್ತು. ತಾಮ್ರ ಬಿಡಿಸುವಾಗ ಮೇಣ ಹಾಳಾಗುತ್ತಿತ್ತು. ಅಂದರೆ ಹಾಡಿದ ಗಳಿಗೆಯಲ್ಲಿ ಕೊರೆದ ಆ ಮೊದಲ ಗೆರೆ ಅಲ್ಲಿಗೆ ಮುಗಿಯಿತು. ಉಳಿಯುವುದು ಅದರ ಉಲ್ಟಾ ಅಚ್ಚು. ಅದರಿಂದ ಇನ್ನೊಂದು ಅಚ್ಚು, ಅದಕ್ಕೆ ಕಾರ್ಖಾನೆಯಲ್ಲಿ ‘ಮದರ್’ ಎಂದೇ ಹೆಸರು. ಮದರ್‌ನಿಂದ ಮತ್ತೆ ಒತ್ತುವ ಅಚ್ಚುಗಳು. ಅರಗು, ಕಲ್ಲಿನ ಪುಡಿ, ಕಾಡಿಗೆ ಕಲಸಿದ ಬಿಸಿ ಮುದ್ದೆಯನ್ನು ಎರಡು ಅಚ್ಚುಗಳ ನಡುವೆ ಇಟ್ಟು ಒತ್ತಿದರೆ ಪ್ಲೇಟು ತಯಾರು. ಒಂದು ಮಗ್ಗುಲಿಗೆ ಮೂರೇ ನಿಮಿಷದ ಹಾಡು. ಕೆಳಗೆ ಬಿದ್ದರೆ ಹಪ್ಪಳದಂತೆ ಚೂರು. ಲೇಬಲ್ಲಿನ ಮೇಲೆ ಗಾಯಕರ ಹೆಸರು, ರಾಗದ ಹೆಸರು, ನಾಯಿಯ ಚಿತ್ರವೂ ಇರುತ್ತಿತ್ತು. ತೊಟ್ಟಿ ಮುಂದೆ ನಿಂತವನ ಹೆಸರು ಒಂದರ ಮೇಲೂ ಇಲ್ಲ.

ಈಗ ನನ್ನ ಕಥೆಗೆ ಬರುತ್ತೇನೆ. ನಮ್ಮಪ್ಪ ಹುಬ್ಬಳ್ಳಿಯಲ್ಲಿ ಒಂದು ಪೆಟ್ಟಿಗೆ ತುಂಬ ಪ್ಲೇಟು ಕೂಡಿಸಿದ್ದರು. ಮುಟ್ಟಿದರೆ ಸಾಕು, "ಹಗೂರ್ಕ ಇಡಪಾ, ಅದರಾಗ ಮಂದಿ ಅದಾರ" ಅನ್ನುತ್ತಿದ್ದರು. ಅವರು ಹೋದ ಮೇಲೆ ಪೆಟ್ಟಿಗೆ ನನ್ನ ಜೊತೆ ಠಾಣೆಯ ಚಾಳಿಗೆ ಬಂತು. 1991ರಲ್ಲಿ ಡೊಂಬಿವಲಿಯ ಒಂದು ಕೋಣೆ-ಅಡಿಗೆಮನೆಯ ಫ್ಲಾಟಿಗೆ ಬರುವಾಗ ಜಾಗ ಎಲ್ಲಿಂದ ತರುವುದು? ಗೊತ್ತಿದ್ದ ಹೆಸರುಗಳನ್ನು ಆರಿಸಿಕೊಂಡೆ. ಮಲ್ಲಿಕಾರ್ಜುನ ಮನಸೂರ, ಅಬ್ದುಲ್ ಕರೀಂ ಖಾನ್ ಉಳಿದರು. ಉಳಿದದ್ದು ಭಂಗಾರದವನ ತಕ್ಕಡಿಗೆ. ಅದರಲ್ಲಿ ‘ಗಾಂಧಾರಿ ಹುಬ್ಬಳ್ಳಿ’ ಎಂಬುವರದ್ದೊಂದು ಪ್ಲೇಟು. ಯಾರೋ ನಾಟಕ ಕಂಪನಿಯ ಹೆಣ್ಣುಮಗಳಿರಬೇಕು ಅಂದುಕೊಂಡೆ.

ಅವರು ಗಂಗೂಬಾಯಿ ಹಾನಗಲ್!

1930ರ ದಶಕದ ಮೊದಲ ವರ್ಷಗಳಲ್ಲಿ ಮುಂಬಯಿಗೆ ಬಂದು ಅವರು ಎಚ್ಎಂವಿಗೆ ಹಾಡಿದಾಗ, ಅವರ ಹೆಸರು ಕಂಪನಿಗೆ ಅಷ್ಟು ಸೊಗಸೆನಿಸಲಿಲ್ಲವಂತೆ. ಗಾಂಧಾರಿ ಎಂದು ಬದಲಾಯಿಸಿದರು. ಆಗಿನ ಅವರ ದನಿ ತೆಳು, ಎತ್ತರದ್ದು. ಮುಂದೆ ಗಂಟಲಿನ ಚಿಕಿತ್ಸೆಯಾಗಿ ದನಿ ಇಳಿಯಿತು. ನಾವು ರೇಡಿಯೋದಲ್ಲಿ ಕೇಳಿ ತಲೆದೂಗಿದ್ದು ಈ ಎರಡನೆಯ, ಗಂಡುಗಚ್ಚಿನ ದನಿಗೆ. ಮೊದಲಿನ ದನಿ ಅವರ ಗಂಟಲಿಗೆ ಮತ್ತೆ ಬರಲಿಲ್ಲ. 2009ರಲ್ಲಿ ಅವರು ತೀರಿಕೊಳ್ಳುವವರೆಗೂ ಅದು ಇದ್ದದ್ದು ಅರಗಿನ ಗೆರೆಯೊಳಗೆ ಮಾತ್ರ. ಅಂಥದ್ದೊಂದನ್ನು ನಾನು ಕಿಲೋ ಲೆಕ್ಕದಲ್ಲಿ ತೂಗಿಸಿ ಕೊಟ್ಟೆ.

ಪುಣ್ಯಕ್ಕೆ ಇಂಥದ್ದನ್ನು ಜೋಪಾನ ಮಾಡುವವರಿದ್ದಾರೆ. ಮುಂಬಯಿಯಲ್ಲೇ 1990ರಲ್ಲಿ ರೆಕಾರ್ಡು ಸಂಗ್ರಾಹಕರ ಸಂಘ ಹುಟ್ಟಿತು. ಹಾಗೆ ಕೂಡಿಟ್ಟ ಯಾರದೋ ಪ್ಲೇಟಿನ ದನಿಯನ್ನು ಮೊನ್ನೆ ಕಲ್ಯಾಣದಲ್ಲಿ ಮಗಳ ಮನೆಯಲ್ಲಿ ಕಂಪ್ಯೂಟರಿನಲ್ಲಿ ಕೇಳಿದೆ. ಮೊಮ್ಮಗ "ಅಜ್ಜಾ, ಇದೇನು ಗರಗರ ಸದ್ದು?" ಅಂದ. ಸೂಜಿ ಅರಗನ್ನು ಉಜ್ಜುವ ಸದ್ದು ಅಂದೆ.

ನಮ್ಮ ಪ್ಲೇಟಿನ ಅಂಚಿನಲ್ಲಿ ಒಂದು ಸೀಳಿತ್ತು. ಪ್ರತಿ ಸುತ್ತಿಗೂ ಟಿಕ್ ಅನ್ನುತ್ತಿತ್ತು, ನಿಮಿಷಕ್ಕೆ 78 ಸಲ. ಆ ಟಿಕ್ ಮೇಲೆ ಅಪ್ಪ ಬೆರಳಿನಿಂದ ತಾಳ ಹಾಕುತ್ತಿದ್ದರು. ಕಂಪ್ಯೂಟರಿನಲ್ಲಿದ್ದ ಪ್ರತಿಯಲ್ಲಿ ಅದಿರಲಿಲ್ಲ.